ನಾರ್ವೆಯ ಆಡುನುಡಿ: ಮೊದಲು ಕೇಳಿಸಿ

ಮಾನ್ಯರೇ,

ನಾರ್ವೇಜಿಯನ್ ಭಾಷೆಯನ್ನು ಪರಿಚಯಿಸುವವರು ಸಾಮಾನ್ಯವಾಗಿ ಬೂಕ್‌ಮೋಲ್, ನ್ಯೂನೋರ್ಸ್ಕ್ ಎಂಬ ಎರಡು ಬರಹರೂಪಗಳ ಇತಿಹಾಸದಿಂದ ಶುರುಮಾಡುತ್ತಾರೆ. ಓದುಗರು ಎರಡನೇ ಪ್ಯಾರಾಕ್ಕೇ ಪುಟ ಮಗುಚುತ್ತಾರೆ. ಅಲ್ಲಿನ ಉಪಭಾಷೆಗಳ ರುಚಿ ಇರುವುದು ಬಾಯಲ್ಲಿ. ಅದನ್ನು ಸವಿಯಲು ಕನ್ನಡಿಗರ ಕಿವಿ ಆಗಲೇ ಪಳಗಿದೆ.

‘ಮಗು’ ಎಂಬುದಕ್ಕೆ ಅವರ ಪದದ ಬರಹ ‘ಬಾರ್ನ್’. ಓಸ್ಲೋದವರ ಬಾಯಲ್ಲಿ ರಕಾರ, ನಕಾರ ಬೆರೆತು ‘ಬಾಣ್’ ಆಗುತ್ತದೆ, ನಮ್ಮ ಣಕಾರವೇ! ಬರ್ಗನ್‌ನಲ್ಲಿ ರಕಾರ ಹುಟ್ಟುವುದು ಗಂಟಲಲ್ಲಿ. ನಾಲಿಗೆ ಹಿಂದಕ್ಕೆ ಮಡಚುವ ಪ್ರಸಂಗವೇ ಇಲ್ಲ, ಹಾಗಾಗಿ ಣಕಾರವೂ ಇಲ್ಲ. ಪೂರ್ವ ಭಾಗದಲ್ಲಿ ‘ಊಲಾ’ ಎಂಬ ಹೆಸರನ್ನು ಕರೆಯುವಾಗ ಳಕಾರಕ್ಕೂ ಡಕಾರಕ್ಕೂ ನಡುವಿನ ಸದ್ದು ಬರುತ್ತದೆ. ಇಂಗ್ಲಿಷಿನವರಿಗೆ ವಾರಗಟ್ಟಲೆ ಹೇಳಿಕೊಡಬೇಕಾದ್ದು ನಮಗೆ ಒಂದೇ ಸಲಕ್ಕೆ ಕೇಳಿಸುತ್ತದೆ.

ಸಭೆಯಲ್ಲೋ ತರಗತಿಯಲ್ಲೋ ಇದನ್ನು ಆಟ ಮಾಡಬಹುದು. ನಾಲ್ಕೇ ಊರು ಸಾಕು: ಓಸ್ಲೋ, ಬರ್ಗನ್, ಟ್ರಾನ್‌ಹೈಮ್, ಟ್ರಾಮ್ಸೋ. ಆರು ದಾಟಿದರೆ ಗೊಂದಲ. ಪ್ರತಿ ಊರಿನದೂ 20 ಸೆಕೆಂಡಿನ ಧ್ವನಿ, ಎರಡು ಬಾರಿ. ಮೊದಲು ‘ನಾನು’ ಎಂಬ ಪದ ಹಿಡಿಯಲು ಹೇಳಿ. ‘ಯೈ’ ಕೇಳಿದರೆ ಓಸ್ಲೋ, ‘ಎಗ್’ ಆದರೆ ಬರ್ಗನ್. ಉಳಿದೆರಡು ಊರಲ್ಲೂ ‘ಆ್ಯ’. ಆಗ ‘ಇಲ್ಲ’ ಎಂಬ ಪದಕ್ಕೆ ಕಿವಿಗೊಡಬೇಕು: ಮೊಟಕಾಗಿ ‘ಇಚ್’ ಎಂದರೆ ಟ್ರಾನ್‌ಹೈಮ್. (ಪಶ್ಚಿಮದ ಕೆಲವೆಡೆ ಇದೇ ಪದ ‘ಇಚ್ಚೆ’ ಎಂದು ಕೇಳಿಸುತ್ತದೆ, ಒಲ್ಲೆ ಅಂದವರನ್ನು ಇಚ್ಛೆಯುಳ್ಳವರೆಂದು ತಿಳಿದೀರಿ!) ಜನ ಊಹಿಸಿದ ಮೇಲೆಯೇ ನಕ್ಷೆ ತೋರಿಸಿ. ಕೊನೆಗೆ ಟ್ರಾನ್‌ಹೈಮ್ ಕಡೆಯ ಹೆಸರಾಂತ ವಾಕ್ಯ, ‘ಆ್ಯ ಎ ಈ ಆ, ಆ್ಯ ಓ’. ‘ನಾನೂ ಎ ವಿಭಾಗದಲ್ಲೇ ಇದ್ದೇನೆ’ ಎಂದರ್ಥ; ಒಂದೂ ವ್ಯಂಜನವಿಲ್ಲ.

ಎಡವುವುದು ಧ್ವನಿಮುದ್ರಣದಲ್ಲಿ. ಬರೆದದ್ದನ್ನು ಓದಿಸಿದರೆ ಮಾತು ಬರಹದ ಕಡೆ ವಾಲುತ್ತದೆ. ‘ನಿಮ್ಮೂರ ಭಾಷೆ ಆಡಿ ತೋರಿಸಿ’ ಅಂದರೆ ಅದು ಅಣಕ. ಒಂದು ಚಿತ್ರ ಕೊಟ್ಟು ವಿವರಿಸಲು ಹೇಳಿದರೆ ಸಹಜ ನುಡಿ ಬರುತ್ತದೆ. ಅವರ ಭಾಷೆಯಲ್ಲಿ ‘ರೈತರು’, ‘ಬೀನ್ಸ್’ ಎಂಬರ್ಥದ ಒಂದೇ ಸದ್ದಿನ ಪದಗಳನ್ನು ಬರೀ ರಾಗದಿಂದ ಬೇರ್ಪಡಿಸುವ ಪಾಠವನ್ನು ಮೊದಲ ದಿನ ಮುಟ್ಟಬೇಡಿ, ಸೋಲುತ್ತೀರಿ.

ಇತಿಹಾಸ ಆಮೇಲೆ: ಭಾಷಾವಿದ್ವಾಂಸ ಈವಾರ್ ಓಸೆನ್ 1842ರಿಂದ 1846ರವರೆಗೆ ಊರೂರು ತಿರುಗಿ ನುಡಿ ಸಂಗ್ರಹಿಸಿ, 1848ರಲ್ಲಿ ವ್ಯಾಕರಣ, 1850ರಲ್ಲಿ ನಿಘಂಟು ತಂದರು, ಅದೇ ನ್ಯೂನೋರ್ಸ್ಕ್‌ಗೆ ಬುನಾದಿ. ಶಾಲೆಯಲ್ಲಿ ಸಾಧ್ಯವಾದಷ್ಟೂ ಮಕ್ಕಳ ಆಡುಮಾತಿನಲ್ಲೇ ಕಲಿಸಬೇಕೆಂದು 1878ರಲ್ಲೇ ಅಲ್ಲಿನ ಸಂಸತ್ತು ನಿರ್ಧರಿಸಿತು. ಇಂದಿಗೂ ಸಂಸದರು ತಂತಮ್ಮ ಊರಿನ ನುಡಿಯಲ್ಲೇ ಮಾತಾಡುತ್ತಾರೆ.

ತಮ್ಮ ಭಾಷಾ ಪುಟದಲ್ಲಿ ಇಂಥ ಲೇಖನ ಬಂದಾಗ ಪಕ್ಕದಲ್ಲೊಂದು ಕ್ಯೂಆರ್ ಕೋಡ್ ಹಾಕಿ ಧ್ವನಿ ಕೇಳಿಸಿ. ಗಂಟಲ ರಕಾರವನ್ನು ಅಚ್ಚಿನಲ್ಲಿ ತೋರಿಸಲು ನಮ್ಮ ಲಿಪಿಗೂ ಆಗದು.

– ಇಬ್ಬರು ಭಾಷಾ ಅಧ್ಯಾಪಕರು, ಧಾರವಾಡ