ಪುಟ್ಟಿಗೆ ಏನೂ ಅನ್ನಬೇಡ

ಮಗಳೇ,

ಆಶೀರ್ವಾದ. ಊರಿನ ಸಮಾಚಾರವೆಲ್ಲ ನಿಮ್ಮಮ್ಮ ಫೋನಿನಲ್ಲಿ ಹೇಳಿರುತ್ತಾಳೆ, ಅದು ಬಿಡು. ಪಾಪುಗೆ ಎರಡೂವರೆ ತುಂಬಿದರೂ ಮಾತು ಬರುತ್ತಿಲ್ಲ, ಅವನಕ್ಕ ಪುಟ್ಟಿ ಎಲ್ಲವನ್ನೂ ತಾನೇ ಹೇಳಿ ಅವನನ್ನು ಮೂಕ ಮಾಡಿಬಿಟ್ಟಳೇನೋ ಅಂತ ಬರೆದಿದ್ದೀಯಲ್ಲ, ಅದನ್ನು ಓದಿ ರಾತ್ರಿ ನಿದ್ದೆ ಹತ್ತಲಿಲ್ಲ.

ಹಬ್ಬಕ್ಕೆ ಬಂದಾಗ ನಾನೂ ನೋಡಿದ್ದೆ. ಅವನು ಚಕ್ಕುಲಿ ಡಬ್ಬ ತೋರಿಸಿ "ಊಂ" ಅಂದ. ಇವಳು ಆಟ ಬಿಟ್ಟು ಓಡಿ ಬಂದು, "ಅಜ್ಜಿ, ಪಾಪುಗೆ ಚಕ್ಕುಲಿ ಬೇಕಂತೆ, ಮುರಿದು ಕೊಡಬೇಕಂತೆ" ಅಂದಳು. ಅಷ್ಟೆಲ್ಲ ಆ ಒಂದು "ಊಂ"ನಲ್ಲಿ ಇತ್ತಂತೆ!

ನಾನೂ ಹಾಗೇ ಇದ್ದೆ. ನಿನ್ನ ಸೋದರಮಾವನನ್ನು ಯಾರು ಏನು ಕೇಳಿದರೂ ಉತ್ತರ ನನ್ನದೇ. ಪಿಯುಸಿಗೆ ಏನು ತಗೋತೀಯ ಅಂದಾಗಲೂ "ಕಾಮರ್ಸ್" ಅಂದವಳು ನಾನು. ಅವನಿಗೆ ಏನು ಇಷ್ಟವಿತ್ತೋ, ಇವತ್ತಿಗೂ ಕೇಳಿಲ್ಲ. ಈಗ ಕೇಳೋಕೆ ಒಂಥರಾ ಸಂಕೋಚ. ಆದರೆ ಅವನಿಗೆ ಮಾತು ಬಾರದೆ ಹೋಯಿತಾ? ಮದುವೆಮನೆಯಲ್ಲಿ ಅವನ ಬಾಯಿ ನೀನೇ ಕೇಳಿದ್ದೀಯಲ್ಲ.

ಎರಡನೇ ಮಕ್ಕಳು ಮಾತಿಗೆ ಸ್ವಲ್ಪ ನಿಧಾನ ಅಂತಾರೆ, ಇರಬಹುದು. ಸುತ್ತ ಮಾತು ಕೇಳಿ ಕೇಳಿ "ನಾನು, ನೀನು" ಬೇಗ ಕಲಿಯುತ್ತವೆ ಅಂತಲೂ ಇದೆ. ನನ್ನ ಭಯ ಬೇರೆ. ಅಕ್ಕನಿಂದ ಹೀಗಾಗಿದೆ ಅಂದುಕೊಂಡು ನೀವು ಸುಮ್ನೆ ಕೂತರೆ? ಎರಡು ವರ್ಷಕ್ಕೆ "ಅಮ್ಮ ಬಾ" ಅಂತ ಎರಡು ಪದ ಕೂಡಿಸಬೇಕಿತ್ತು. ಅವನಿಗೆ ನೆಗಡಿ ಜಾಸ್ತಿ ಅಲ್ವಾ? ಕಿವಿಯೊಳಗೆ ನೀರು ತುಂಬಿದರೆ ಮಾತು ಸ್ಪಷ್ಟವಾಗಿ ಕೇಳಿಸುವುದಿಲ್ಲ. ಬಾಗಿಲ ಸದ್ದಿಗೆ ತಿರುಗುತ್ತಾನೆ ಅಂತ ನೆಚ್ಚಿಕೊಳ್ಳಬೇಡ. ಮೈಸೂರಿಗೆ ಕರೆದುಕೊಂಡು ಬಾ, ಮಾನಸಗಂಗೋತ್ರಿಯ ಸ್ಪೀಚ್ ಅಂಡ್ ಹಿಯರಿಂಗ್ ಸಂಸ್ಥೆಯಲ್ಲಿ ತೋರಿಸೋಣ. ಕೈಗೂಸನ್ನು ಮಲಗಿಸಿಕೊಂಡೇ ಕಿವಿ ಪರೀಕ್ಷೆ ಮಾಡುವ ಕಾಲ ಇದು. ನಾನೇನು ಡಾಕ್ಟರಲ್ಲ, ಹೆದರಿಸಿದೆ ಅಂತ ಬೈಯಬೇಡ.

ಪುಟ್ಟಿಗೆ ಮಾತ್ರ "ನಿನ್ನಿಂದಲೇ" ಅಂತ ಒಂದು ಸಲವೂ ಅನ್ನಬೇಡ. ಆರು ವರ್ಷದ ಕೂಸು, ಮನಸ್ಸಿಗೆ ಹಚ್ಚಿಕೊಳ್ಳುತ್ತೆ. ಬೇಕಾದರೆ ಅವಳ ಕೈಗೇ ಬಾಳೆಹಣ್ಣು, ಬಿಸ್ಕತ್ತು ಎರಡೂ ಕೊಡು. "ಯಾವುದು ಬೇಕೋ?" ಅಂತ ಕೇಳಿ, ಅವನು ಬಾಯಿ ಬಿಡುವವರೆಗೂ ಕಾಯಲಿ. ಕಾಯುವುದು ಅವಳಿಗೆ ಕಷ್ಟವೇ. ನನಗೂ ಆಗುತ್ತಿರಲಿಲ್ಲ.

ದಸರಾ ಗಲಾಟೆ ಶುರುವಾಗುವ ಮುಂಚೆ ಬಂದರೆ ವಾಸಿ. ಡಾಕ್ಟರ ಹಳೇ ಚೀಟಿಗಳಿದ್ದರೆ ತಾ. ಪುಟ್ಟಿಯನ್ನು ಬಿಟ್ಟು ಬರಬೇಡ.

ನಿನ್ನ ದೊಡ್ಡಮ್ಮ