ಧಾಟಿ ಬಿಟ್ಟು ಓದು, ತಂಗಿ

ಧಾರವಾಡ

ಪ್ರೀತಿಯ ತಂಗಿ,

ನಿನ್ನ ಕವರು ಬಂದು ಮೂರು ವಾರವಾಯಿತು. ಉತ್ತರ ತಡವಾಗಿದ್ದಕ್ಕೆ ಕಣ್ಣಿನ ಪೊರೆಯ ಮೇಲೆ ತಪ್ಪು ಹೊರಿಸಬಹುದಿತ್ತು. ನಿಜ ಅದಲ್ಲ. ನಿನ್ನ 43 ಪದ್ಯಗಳಿಗಿಂತ ಅವುಗಳ ಜೊತೆಗಿದ್ದ ಕಾಗದವೇ ನನ್ನನ್ನು ಜಾಸ್ತಿ ಕಾಡಿತು. ಗೋಷ್ಠಿಯಲ್ಲಿ ಯಾರೋ ಎಲ್ಲರೆದುರು "ಇವು ಚರ್ಚಿನ ಹಾಡಿನ ಹಾಗಿವೆ" ಅಂದರಂತೆ. ನಾಲ್ಕು ಜನ ನಕ್ಕರಂತೆ. ನೀನು ಹಾವೇರಿಗೆ ವಾಪಸ್ ಹೋಗುವ ಬಸ್ಸಿನಲ್ಲಿ ಕೂತು, ಇನ್ನು ಬರೆಯುವುದಿಲ್ಲ ಅಂತ ತೀರ್ಮಾನ ಮಾಡಿದೆಯಂತೆ.

ಅದೇ ಕಾಗದದ ಹಿಂದಿನ ಪುಟದಲ್ಲಿ ಪುಸ್ತಕ ಮಾಡಿಸಲು ಎಷ್ಟು ಖರ್ಚಾಗುತ್ತದೆ, ಮುನ್ನುಡಿ ಯಾರಿಂದ ಬರೆಸಬೇಕು ಅಂತಲೂ ಕೇಳಿದ್ದೀಯ. ಬರೆಯುವುದಿಲ್ಲ ಅನ್ನುವವಳಿಗೆ ಮುನ್ನುಡಿ ಯಾತಕ್ಕೆ? ಇರಲಿ. ಆ ವ್ಯವಹಾರ ನನ್ನನ್ನು ಕೇಳಬೇಡ. ನನಗೆ ಬೇಜಾರು.

ನಾನು ಹೇಳುವುದು ಇಷ್ಟು. ಆ ಮನುಷ್ಯ ಹೇಳಿದ್ದು ತಪ್ಪು. ನಿನ್ನ ಪದ್ಯಗಳು ಚರ್ಚಿನ ಹಾಡಿನ ಹಾಗಿಲ್ಲ. ಹಾಗಿದ್ದಿದ್ದರೆ ಇನ್ನೂ ಚೆನ್ನಾಗಿರುತ್ತಿದ್ದವು. ಹತ್ತು ವರ್ಷದಿಂದ ಚರ್ಚಿನ ಕ್ವಾಯರಿನಲ್ಲಿ ಹಾಡುತ್ತೇನೆ ಅಂತ ಬರೆದಿದ್ದೀಯಲ್ಲ, ಆ ಹಾಡುಗಳನ್ನು ಹಾಡಿದ್ದೀಯ ಅಷ್ಟೆ. ಓದಿಲ್ಲ.

ಸಿಟ್ಟು ಬಂತಾ? ಬರಲಿ. ನಾನೂ ಓದಿರಲಿಲ್ಲ.

ನಾನು ಹುಟ್ಟಿದ್ದು ಗದುಗಿನ ಬೆಟಗೇರಿಯಲ್ಲಿ. ಬಾಸೆಲ್ ಮಿಷನ್ನಿನ ಪಾದ್ರಿಗಳು ಧಾರವಾಡಕ್ಕೆ 1837ರಲ್ಲಿ, ಹುಬ್ಬಳ್ಳಿಗೆ 1839ರಲ್ಲಿ ಬಂದರು. ಬೆಟಗೇರಿಗೆ ಬಂದದ್ದು 1841ರಲ್ಲಿ. ನಮ್ಮ ಮನೆತನಕ್ಕೆ ಬೈಬಲ್ಲು ಬಂದದ್ದು ಹಾಗೆ. ಓಣಿಯ ತುಂಬ ಮಗ್ಗದ ಸದ್ದು. ನಮ್ಮ ಮನೆಯಲ್ಲೂ ಒಂದು ಮಗ್ಗವಿತ್ತು. ಉಳಿದದ್ದೆಲ್ಲ ಇರಲಿಲ್ಲ. ಎಣ್ಣೆ ಇದ್ದರೆ ಬೆಲ್ಲ ಇಲ್ಲ, ಬೆಲ್ಲ ಇದ್ದರೆ ಜೋಳ ಇಲ್ಲ.

ಬೈಬಲ್ಲಿನ ಇಪ್ಪತ್ತಮೂರನೆಯ ಕೀರ್ತನೆ ನಿನಗೆ ಬಾಯಿಪಾಠ ಇರುತ್ತದೆ. "ಯೆಹೋವನು ನನಗೆ ಕುರುಬನು, ಕೊರತೆಪಡೆನು." ನನಗೂ ಏಳು ವರ್ಷಕ್ಕೇ ಬಾಯಿಪಾಠವಾಗಿತ್ತು. ಆದರೆ ಎರಡನೆಯ ಮಾತನ್ನು ನಾನು "ಕೊರತೆ ಪಡೆದೆನು" ಅಂತ ತಿಳಿದಿದ್ದೆ. ಪಡೆ ಅಂದರೆ ಹೊಂದು. ದೇವರು ನಮ್ಮ ಕುರುಬ, ಅವನಿಂದ ನಮಗೆ ಕೊರತೆ ಸಿಕ್ಕಿತು. ನಮ್ಮ ಮನೆ ನೋಡಿದರೆ ಸರಿಯಾಗಿಯೇ ಇತ್ತಲ್ವಾ! ಸಂಡೇ ಸ್ಕೂಲಿನಲ್ಲಿ ಅರ್ಥ ಕೇಳಿದಾಗ ಹಾಗೇ ಹೇಳಿದೆ. ಬೆತ್ತದ ಏಟು ಬಿತ್ತು. ಅರ್ಥ ಮಾತ್ರ ಯಾರೂ ಹೇಳಲಿಲ್ಲ.

ಹೇಳಿದವಳು ಅವ್ವ. ಅವಳಿಗೆ ಓದು ಬರಹ ಇರಲಿಲ್ಲ. ಲಾಳಿಗೆ ನೂಲು ಸುತ್ತುತ್ತ, ಮುಖ ಎತ್ತದೆ ಹೇಳಿದಳು. "ಪಡೆನು ಅಂದ್ರ ಪಡೂದಿಲ್ಲ ಅಂತ. ಮುಂಜಾನಿಂದ ರೊಟ್ಟಿ ಒಲ್ಲೆ, ಒಲ್ಲೆ ಅಂತೀಯಲ್ಲ, ಆ ಒಲ್ಲೆ ಅನ್ನೂದ್ರಾಗ 'ಇಲ್ಲ' ಎಲ್ಲೈತಿ ಹೇಳು?"

ಇದನ್ನು ನಾನು ಎಷ್ಟು ಸಲ ನೆನೆದಿದ್ದೇನೋ. ಹಳೆಯ ಕನ್ನಡದಲ್ಲಿ 'ಇಲ್ಲ' ಅಂತ ಬೇರೆ ಮಾತು ಸೇರಿಸದೆ ಕ್ರಿಯಾಪದದ ಒಳಗೇ ಇಲ್ಲ ಅನ್ನುವ ಒಂದು ರೂಪವಿದೆ. ಅರಿಯೆ, ಮಾಡೆ, ಬಾರೆ. ವ್ಯಾಕರಣದ ಮೇಷ್ಟ್ರು ನಿಷೇಧ ರೂಪ ಅನ್ನುತ್ತಾರೆ. ಪೇಟೆಯ ಮಾತಿನಲ್ಲಿ ಅದು ಹೆಚ್ಚುಕಡಿಮೆ ಸತ್ತಿದೆ. ನಮ್ಮ ಕಡೆ 'ಒಲ್ಲೆ'ಯಲ್ಲಿ ಇನ್ನೂ ಉಸಿರಾಡುತ್ತಿದೆ. ಒಲವು ಮತ್ತು ಒಲ್ಲೆ ಒಂದೇ ಬೇರಿನವು, ಗೊತ್ತಾ? ಬಸವಣ್ಣನವರ ಒಂದು ವಚನದಲ್ಲಿ ತಾಳ ಅರಿಯೆ, ಲೆಕ್ಕ ಅರಿಯೆ, ಗಣ ಅರಿಯೆ ಅಂತ ಸಾಲಾಗಿ ಅರಿಯೆಗಳು ಬಂದು, ಕೊನೆಗೆ ಒಲಿದಂತೆ ಹಾಡುವೆ ಅಂತ ನಿಲ್ಲುತ್ತದೆ. ಅಲ್ಲಿರುವುದೂ ಅವ್ವ ಹೇಳಿಕೊಟ್ಟ ವ್ಯಾಕರಣವೇ.

ಈಗ ಆ ಸಾಲಿಗೆ ವಾಪಸ್ ಬಾ. "ನನಗೆ ಕುರುಬನು" ಅಂತಿದೆ. "ನನ್ನ ಕುರುಬನು" ಅಂತ ಯಾಕಿಲ್ಲ? ನನ್ನ ಅಂದರೆ ನನ್ನ ಪೆನ್ನು, ನನ್ನ ಚಪ್ಪಲಿ ಅಂದ ಹಾಗೆ. ನನಗೆ ಅಂದರೆ ಸಂಬಂಧ. ಆಕೆ ನನಗೆ ಅತ್ತೆ ಆಗಬೇಕು ಅನ್ನುತ್ತೇವಲ್ಲ, ಹಾಗೆ. ಇನ್ನು ಕುರುಬ. ಗದಗ, ಹಾವೇರಿಯ ಕಡೆ ಇದು ಬೈಬಲ್ಲಿನ ಚಿತ್ರಪಟದ ಮಾತಲ್ಲ. ಬೇಸಿಗೆಯಲ್ಲಿ ಕಂಬಳಿ ಹೊದ್ದು, ನೂರಾರು ಕುರಿ ಹೊಡೆದುಕೊಂಡು ರಸ್ತೆ ದಾಟುವ ಮನುಷ್ಯ. ಬಸ್ಸಿನವನು ಹಾರ್ನ್ ಹೊಡೆದು ಬೈಯುವ ಮನುಷ್ಯ. ಕನಕದಾಸರ ಬಾಡ ನಿನ್ನ ಜಿಲ್ಲೆಯಲ್ಲೇ ಇದೆ, ನಿನಗೆ ನಾನು ಹೇಳಬೇಕಾಗಿಲ್ಲ. ದೇವರನ್ನು ದೊರೆ ಅನ್ನುವುದು ಸುಲಭ. ಬಸ್ಸಿನವನಿಂದ ಬೈಸಿಕೊಳ್ಳುವವನ ಹೆಸರಿಟ್ಟು ಕರೆಯುವುದಕ್ಕೆ ಧೈರ್ಯ ಬೇಕು. ನಾಲ್ಕು ಮಾತಿನ ಸಾಲು ಇದು. ನಾನು ಐವತ್ತು ವರ್ಷದಿಂದ ಓದುತ್ತಿದ್ದೇನೆ, ಮುಗಿದಿಲ್ಲ.

ಇನ್ನೊಂದನ್ನು ನೀನೇ ಕಂಡುಹಿಡಿಯಬೇಕು ಅಂತಿದ್ದೆ, ತಡೆಯಲಾಗುತ್ತಿಲ್ಲ. ಆ ಕೀರ್ತನೆಯ ಮೊದಲ ಮೂರು ವಚನಗಳಲ್ಲಿ ದೇವರು 'ಆತನು'. ಆತನು ಹಾಗೆ ಮಾಡುತ್ತಾನೆ, ಹೀಗೆ ಮಾಡುತ್ತಾನೆ. ನಾಲ್ಕನೆಯದಕ್ಕೆ ಕಾರ್ಗತ್ತಲಿನ ಕಣಿವೆ ಬರುತ್ತದೆ. ಅಲ್ಲಿ ಮಾತು ತಿರುಗುತ್ತದೆ. "ನೀನು ಹತ್ತಿರವಿರುತ್ತೀಯಲ್ಲಾ." ಬೆಳಕಿನಲ್ಲಿ ಆತನು, ಕತ್ತಲಲ್ಲಿ ನೀನು. ಆ ಕೊನೆಯ 'ಅಲ್ಲಾ' ನೋಡು. ಅದು ಧೈರ್ಯದ ಮಾತೋ, ಕೈ ಹಿಡಿದು ಖಾತ್ರಿ ಮಾಡಿಕೊಳ್ಳುವ ಮಗುವಿನ ಮಾತೋ? ನನಗಂತೂ ಎರಡೂ ಕೇಳಿಸುತ್ತದೆ.

ನಿಮ್ಮ ಕ್ವಾಯರು ಇದನ್ನೇ ಹಾಡು ಮಾಡಿ ಹಾಡುವಾಗ ಏನಾಗುತ್ತದೆ? ಮೊದಲನೆಯ ಚರಣಕ್ಕೆ ಯಾವ ಧಾಟಿಯೋ ನಾಲ್ಕನೆಯದಕ್ಕೂ ಅದೇ ಧಾಟಿ. ಆತನು ಹೋಗಿ ನೀನು ಬಂದದ್ದು ಯಾರ ಕಿವಿಗೂ ಬೀಳುವುದಿಲ್ಲ. ಧಾಟಿ ಎಲ್ಲ ಚರಣವನ್ನೂ ಒಂದೇ ಹದಕ್ಕೆ ತಟ್ಟಿಬಿಡುತ್ತದೆ. ಇದು ನಿಮ್ಮ ಚರ್ಚಿನ ದೋಷ ಮಾತ್ರ ಅಲ್ಲ. ನಿಮ್ಮ ಊರ ಕಡೆಯ ಶಿಶುನಾಳ ಶರೀಫರು ಕೋಡಗನನ್ನು ಕೋಳಿ ನುಂಗಿತು ಅಂದರೆ ಮದುವೆ ಮನೆಯಲ್ಲಿ ಎಲ್ಲರೂ ಕುಣಿಯುತ್ತಾರೆ. ಕೋಳಿ ಯಾವುದು, ಕೋಡಗ ಯಾವುದು ಅಂತ ಕೇಳಿದವರನ್ನು ನಾನಂತೂ ಕಂಡಿಲ್ಲ.

ಅದಕ್ಕೇ ಹೇಳುತ್ತೇನೆ, ಧಾಟಿ ಬಿಟ್ಟು ಓದು. ಒಂದು ಚರಣ ತಗೋ. ಪಾತ್ರೆ ತೊಳೆಯುತ್ತ, ಪಕ್ಕದ ಮನೆಯವರಿಗೆ ಹೇಳುವ ದನಿಯಲ್ಲಿ ಹೇಳಿ ನೋಡು. ಯಾವ ಮಾತು ನಿಲ್ಲುತ್ತದೆ, ಯಾವುದು ಬೀಳುತ್ತದೆ, ಗೊತ್ತಾಗುತ್ತದೆ. ಬೀಳುವವು ಬಹಳ. ಅದಕ್ಕೂ ಕಾರಣವಿದೆ. ಜರ್ಮನ್, ಇಂಗ್ಲಿಷ್ ಧಾಟಿಗಳು ಮೊದಲೇ ಇದ್ದವು, ಕನ್ನಡ ಮಾತನ್ನು ಅವುಗಳೊಳಗೆ ಕೂರಿಸಬೇಕಿತ್ತು. ಇಂಗ್ಲಿಷಿನಲ್ಲಿ 'ಟ್ರಸ್ಟ್' ಒಂದು ಸ್ವರಕ್ಕೆ ಮುಗಿಯುತ್ತದೆ. ನಮ್ಮ 'ನಂಬುತ್ತೇನೆ'ಗೆ ನಾಲ್ಕು ಬೇಕು. ಜಾಗ ಸಾಲದಿದ್ದರೆ 'ನಂಬುವೆ'. ಜಾಗ ಮಿಕ್ಕಿದರೆ ಒಂದು ಓ, ಒಂದು ಆಹಾ, ಒಂದು ಸ್ವಾಮಿಯೇ. 'ಕರುಣೆ' ಎಳೆದು ಎಳೆದು 'ಕರೂಣೆ' ಆಗುತ್ತದೆ. ಹಳೆಯ ಚಿಕ್ಕ ರೂಪಗಳು ಆ ಹಾಡುಗಳಲ್ಲಿ ಉಳಿದದ್ದು ಈ ಇಕ್ಕಟ್ಟಿನಿಂದಲೂ ಇರಬೇಕು ಅಂತ ನನಗೆ ಅನುಮಾನ. ಇಕ್ಕಟ್ಟು ಒಳ್ಳೆಯದನ್ನೂ ಮಾಡುತ್ತದೆ.

ಬಾಸೆಲ್ ಮಿಷನ್ನಿನ ಪಾದ್ರಿ ಕಿಟೆಲ್ ಇದನ್ನು ಚೆನ್ನಾಗಿ ಬಲ್ಲ. 1853ರಲ್ಲಿ ಬಂದವನು 1862ಕ್ಕೆ ಯೇಸುವಿನ ಕಥೆಯನ್ನು ನಮ್ಮದೇ ಛಂದಸ್ಸಿನಲ್ಲಿ 'ಕಥಾಮಾಲೆ' ಅಂತ ಕಟ್ಟಿದ. 1875ಕ್ಕೆ ನಾಗವರ್ಮನ ಹಳೆಯ ಛಂದಸ್ಸಿನ ಪುಸ್ತಕ ಛಂದೋಂಬುಧಿಯನ್ನು ಅಚ್ಚು ಹಾಕಿಸಿದ. ಎಲ್ಲರಿಗೂ ಅವನ 1894ರ ನಿಘಂಟು ಮಾತ್ರ ಗೊತ್ತು. ಧಾರವಾಡದಲ್ಲಂತೂ ಕಿಟೆಲ್ ಅಂದರೆ ಕಾಲೇಜು.

ಇನ್ನು "ಚರ್ಚಿನ ಹಾಡಿನ ಹಾಗಿದೆ" ಅನ್ನುವ ಬೈಗುಳದ ಬಗ್ಗೆ. ಇಂಗ್ಲಿಷ್ ಹಾಡಿನ ಪುಸ್ತಕಗಳಲ್ಲಿ 8-6-8-6 ಅಂತ ಅಂಕಿ ನೋಡಿರುತ್ತೀಯ. ಸಾಲಿಗೆ ಎಷ್ಟು ಉಚ್ಚಾರ ಅನ್ನುವ ಲೆಕ್ಕ. ಆ ಅಂಕಿ ಹೊಂದಿದರೆ ಯಾವ ಮಾತನ್ನೂ ಯಾವ ಧಾಟಿಗೂ ಹಾಡಬಹುದು. ನೀವು ಹಾಡುವ 'ಅಮೇಜಿಂಗ್ ಗ್ರೇಸ್' ಅಚ್ಚಾದದ್ದು 1779ರಲ್ಲಿ. ಈಗಿನ ಧಾಟಿ ಅದಕ್ಕೆ ಅಂಟಿದ್ದು 1835ರಲ್ಲಿ. ಇದೇ ಚರ್ಚಿನ ಅಳತೆಯಲ್ಲಿ ಅಮೆರಿಕದ ಎಮಿಲಿ ಡಿಕಿನ್‌ಸನ್ ಮನೆಯಲ್ಲೇ ಕೂತು ಸುಮಾರು 1800 ಪುಟ್ಟ ಪದ್ಯ ಬರೆದಳು. ಆಕೆ ಚರ್ಚಿನ ಸದಸ್ಯಳಾಗಲೇ ಇಲ್ಲ. ಚರ್ಚಿನ ಅಳತೆ ತಗೊಂಡು, ನಡುವೆ ಗೆರೆ ಎಳೆದು, ಉಸಿರು ತಡೆದು, ಪ್ರಾಸ ಸೊಟ್ಟ ಮಾಡಿ, ಮುರಿದು ಮುರಿದು ಬರೆದಳು. 1886ರಲ್ಲಿ ತೀರಿಕೊಂಡಳು. 1890ರಲ್ಲಿ ಮೊದಲ ಪುಸ್ತಕ ತಂದವರು ಆ ಗೆರೆಗಳನ್ನು ಒರೆಸಿ, ಪ್ರಾಸ ನೆಟ್ಟಗೆ ಮಾಡಿದರು. ಅವಳು ಬರೆದ ಹಾಗೇ ಎಲ್ಲವನ್ನೂ ಅಚ್ಚು ಹಾಕಲು 1955 ಬರಬೇಕಾಯಿತು. ಸಂಪಾದಕರು ಎಲ್ಲ ಕಡೆಯೂ ಒಂದೇ ಜಾತಿ.

ಈ ಸಿಟ್ಟಿಗೆ ನನ್ನದೇ ಕಾರಣವಿದೆ. ಇಪ್ಪತ್ತೆರಡರಲ್ಲಿ ಒಂದು ವಾರಪತ್ರಿಕೆಗೆ ಪದ್ಯ ಕಳಿಸಿದ್ದೆ. ವಾಪಸ್ ಬಂತು. ಮೇಲೆ ಕೆಂಪು ಶಾಯಿಯಲ್ಲಿ ಎರಡೇ ಮಾತು, "ಪಾದ್ರಿ ಕನ್ನಡ". ಆ ಪದ್ಯದಲ್ಲಿದ್ದದ್ದು ಅವ್ವನ ಮಾತು. 'ಒಲ್ಲೆ' ಇತ್ತು, 'ಹೆದರೆನು' ಇತ್ತು. ಆ ಸಂಪಾದಕರ ಹೆಸರು ಬೇಡ, ಈಗ ಅವರೂ ಇಲ್ಲ. ಆದರೆ ಆ ಕೆಂಪು ಶಾಯಿಗೆ ಹೆದರಿ ನಾನು 12 ವರ್ಷ ನನ್ನದಲ್ಲದ ಕನ್ನಡ ಬರೆದೆ. ನನ್ನ ಮೊದಲ ಸಂಕಲನದಲ್ಲಿ ಅವ್ವ 'ಜನನಿ' ಆಗಿದ್ದಾಳೆ. ಮಗ್ಗ 'ತಂತುಯಂತ್ರ' ಆಗಿದೆ. ಬಿಡುಗಡೆಯ ದಿನ ಚಪ್ಪಾಳೆ ಜೋರಾಗಿತ್ತು. ನನಗೆ ದನಿ ಚೆನ್ನಾಗಿತ್ತು, ಪದ್ಯಗಳನ್ನು ರಾಗವಾಗಿ ಹಾಡಿಬಿಟ್ಟಿದ್ದೆ. ಮನೆಗೆ ಬಂದು ಅವ್ವನಿಗೆ ಓದಿ ಹೇಳಿದೆ. ಪೂರ್ತಿ ಕೇಳಿ, "ಚಲೋ ಐತಿ. ಯಾರ ಬಗ್ಗೆ ಬರದೀಪಾ?" ಅಂದಳು.

ಅದಕ್ಕೆ ನಾನು ಉತ್ತರ ಕೊಡಲಿಲ್ಲ. ಮುಂದಿನ ವರ್ಷ ಅವಳು ಹೋದಳು.

ಈಗ ನಿನ್ನದನ್ನು ನೋಡೋಣ. ಹದಿನೇಳನೆಯ ಪದ್ಯ:

ಅಮ್ಮ ಹಾಡುವಾಗ
ಪುಸ್ತಕ ತೆರೆದಿರುತ್ತದೆ
ಕಣ್ಣು ಮುಚ್ಚಿರುತ್ತದೆ
ಓ ನನ್ನ ಆರದ ದೀಪವೇ!

ಕೊನೆಯ ಸಾಲು ಹೊಡೆದುಹಾಕಿದ್ದೇನೆ. ಪೆನ್ಸಿಲ್ಲಿನಿಂದಲ್ಲ, ಪೆನ್ನಿನಿಂದ. ಅದು ಪದ್ಯವಲ್ಲ, ಧಾಟಿ. ಜಾಗ ಮಿಕ್ಕಿದ್ದಕ್ಕೆ ಹಾಕಿದ 'ಓ'. ಗೋಷ್ಠಿಯಲ್ಲಿ ಅಲ್ಲೇ ದನಿ ಏರಿಸಿ ಓದಿರುತ್ತೀಯ, ಅಲ್ಲೇ ಯಾರೋ ಚಪ್ಪಾಳೆ ತಟ್ಟಿರುತ್ತಾರೆ. ಆ ಚಪ್ಪಾಳೆಗಿಂತ ನಿನ್ನನ್ನು ನೋಡಿ ನಕ್ಕವನೇ ವಾಸಿ. ಮೊದಲ ಮೂರು ಸಾಲು ಮಾತ್ರ ನಾನು ಬರೆದಿದ್ದರೆ ಈ ವಯಸ್ಸಿನಲ್ಲೂ ಹೆಮ್ಮೆಪಡುತ್ತಿದ್ದೆ. ತೆರೆದಿರುತ್ತದೆ, ಮುಚ್ಚಿರುತ್ತದೆ. ಎರಡು ಸಲ ಇರುತ್ತದೆ. ಒಂದು ದಿನದ ಮಾತಲ್ಲ, ಪ್ರತಿ ಭಾನುವಾರದ ಮಾತು. ಪುಸ್ತಕ ಬೇಕಿಲ್ಲದವಳು ಅದನ್ನು ಯಾಕೆ ತೆರೆದಿಟ್ಟುಕೊಳ್ಳುತ್ತಾಳೆ? ಪಕ್ಕದವರು ನೋಡುತ್ತಾರೆ ಅಂತಲಾ? ಅಥವಾ ಅದು ಅವಳ ಅವ್ವ ಕೊಟ್ಟ ಪುಸ್ತಕವಾ? ನೀನು ಹೇಳಿಲ್ಲ. ಹೇಳಲೂ ಬೇಡ.

ಆದರೆ ಒಂದು ಜಗಳ ಇದೆ. ಕಾಗದದಲ್ಲಿ ಐದು ಸಲ 'ನಮ್ಮವ್ವ' ಅಂತ ಬರೆದಿದ್ದೀಯ. ಪದ್ಯಕ್ಕೆ ಬಂದ ಕೂಡಲೇ ಆಕೆ 'ಅಮ್ಮ' ಹೇಗಾದಳು? ಯಾರ ಕೆಂಪು ಶಾಯಿಗೆ ಹೆದರಿದೆ?

ಉಳಿದ 42ರಲ್ಲಿ ಆರು ಚೆನ್ನಾಗಿವೆ. ಯಾವ ಆರು ಅಂತ ಹೇಳುವುದಿಲ್ಲ. ಪಾತ್ರೆ ತೊಳೆಯುತ್ತ ನೀನೇ ಹುಡುಕು.

ಬರುವ ಭಾನುವಾರ ಒಂದು ಕೆಲಸ ಮಾಡು. ನಿಮ್ಮವ್ವ ಕಣ್ಣು ಮುಚ್ಚಿ ಹಾಡುವಾಗ ಸುಮ್ನೆ ಬಗ್ಗಿ ನೋಡು, ಪುಸ್ತಕ ಯಾವ ಪುಟಕ್ಕೆ ತೆರೆದಿದೆ ಅಂತ. ಹಾಡುತ್ತಿರುವ ಹಾಡಿನ ಪುಟವೋ, ಬೇರೆಯದೋ, ತಲೆಕೆಳಗೋ. ನೋಡಿ ನನಗೆ ಒಂದು ಕಾರ್ಡು ಬರೆ.

ನಿನ್ನ,
ಬೆಟಗೇರಿಯ ಮುದುಕ