ಭಾನುವಾರ ಅಮೆಯೊಕೊ ಸುತ್ತಾಟ: ಬರುವವರು ದಯವಿಟ್ಟು ಓದಿ

ಎಲ್ಲರಿಗೂ ನಮಸ್ಕಾರ.

ಈ ಭಾನುವಾರ ಬೆಳಗ್ಗೆ 10:30ಕ್ಕೆ ಟೋಕಿಯೊದ ಉಯೆನೊ ಸ್ಟೇಷನ್ನಿನ ಶಿನೊಬಾಜು ಎಕ್ಸಿಟ್ ಹೊರಗೆ ಸೇರೋಣ. ರಸ್ತೆ ದಾಟಿದರೆ ಅಮೆಯೊಕೊ ಎಂಬ ಅಂಗಡಿ ಬೀದಿಯ ಕಮಾನು. 1945ರಲ್ಲಿ ಯುದ್ಧ ಮುಗಿದ ಮೇಲೆ ರೈಲು ಹಳಿಯ ಪಕ್ಕ ಕಾಳಸಂತೆಯಾಗಿ ಬೆಳೆದ ಬೀದಿಯಿದು. ಸಿಹಿಗೆ ಬರವಿದ್ದಾಗ ಮಿಠಾಯಿ, ಆಮೇಲೆ ಅಮೆರಿಕನ್ ಸೇನೆಯ ಸಾಮಾನು ಇಲ್ಲಿ ಬಿಕರಿಯಾಗುತ್ತಿತ್ತು. ಹಳಿಯ ಕೆಳಗಿನ ಪುಟ್ಟ ಅಂಗಡಿಗಳನ್ನು ನಿಧಾನವಾಗಿ ನೋಡಿ, ಬೀದಿಯ ಜೀವ ಇರುವುದೇ ಅಲ್ಲಿ.

ಹತ್ತು ಗಂಟೆಗೆ ಮೊದಲು ಬಂದರೆ ಅನೇಕ ಕಡೆ ಶಟರ್ ಎಳೆದಿರುತ್ತದೆ. ಮಧ್ಯಾಹ್ನದ ನಂತರ ಕಾಲಿಡಲು ಜಾಗವಿರದು, ಹಾಗಾಗಿ ಸ್ಟ್ರಾಲರ್ ಬೇಡ, ಮಗುವನ್ನು ಎತ್ತಿಕೊಳ್ಳುವ ಪಟ್ಟಿ ತನ್ನಿ. ಅಮೆಯೊಕೊ ಸೆಂಟರ್ ಕಟ್ಟಡದ ಬಳಿ ದಾರಿ ಎರಡಾಗುತ್ತದೆ, ಜನ ಬೇರೆಯಾಗುವುದು ಅಲ್ಲೇ. ತಪ್ಪಿಸಿಕೊಂಡವರು ಹುಡುಕುತ್ತಾ ಹಿಂದೆ ಬರಬೇಡಿ, ನೇರ ಒಕಾಚಿಮಾಚಿ ಸ್ಟೇಷನ್ನಿನ ಉತ್ತರ ಎಕ್ಸಿಟ್‌ಗೆ ಹೋಗಿ ನಿಲ್ಲಿ. ಇಡೀ ಬೀದಿ ಅರ್ಧ ಕಿಲೋಮೀಟರ್ ಅಷ್ಟೆ.

ಅದೇ ಕಟ್ಟಡದ ನೆಲಮಾಳಿಗೆಯಲ್ಲಿ ಏಷ್ಯಾದ ಮಸಾಲೆ, ಸೊಪ್ಪು, ಮೀನು ಸಿಗುತ್ತವೆ. ಮೀನು ಕೊಳ್ಳುವವರು ಐಸ್ ಪ್ಯಾಕ್ ಹಾಕಿದ ಕೂಲರ್ ಬ್ಯಾಗ್ ತನ್ನಿ, ಖರೀದಿ ಕೊನೆಗಿರಲಿ. ಸಣ್ಣ ಅಂಗಡಿಗಳಿಗೆ ಸಾವಿರ ಯೆನ್ ನೋಟು, ಚಿಲ್ಲರೆ ಇಟ್ಟುಕೊಳ್ಳಿ. ತಿಂಡಿ ಕಟ್ಟಿಸಿಕೊಂಡರೆ ತೆರಿಗೆ 8%, ಅಂಗಡಿಯ ಕುರ್ಚಿಯಲ್ಲಿ ಕೂತು ತಿಂದರೆ 10%. ಸಸ್ಯಾಹಾರಿಗಳೇ, ತರಕಾರಿ ಸಾರಿನಲ್ಲೂ ಮೀನಿನ ದಾಶಿ (ರುಚಿಗೆ ಹಾಕುವ ಮೀನಿನ ರಸ) ಇರಬಹುದು, ಕೇಳಿಯೇ ತಿನ್ನಿ. ಒಣಹಣ್ಣು, ಬೀಜಗಳ ಅಂಗಡಿ ನಿಮಗೆ ಸಲೀಸು.

ಕೊಂಡ ಅಂಗಡಿಯ ಮುಂದೆಯೇ ತಿನ್ನಿ. ಕಸದ ಡಬ್ಬಿ ಸಿಗುವುದು ಕಷ್ಟ, ಒಂದು ಚೀಲ ಜೊತೆಗಿರಲಿ. ವ್ಯಾಪಾರಿಗಳನ್ನು ಕೇಳದೆ ಫೋಟೊ ಬೇಡ.

ಬರುವವರು ಎಷ್ಟು ಜನ, ಮಕ್ಕಳೆಷ್ಟು ಎಂದು ಶುಕ್ರವಾರ ರಾತ್ರಿಯೊಳಗೆ ಇಲ್ಲೇ ತಿಳಿಸಿ.